ಶವರ್ ಅಂದರೆ ಕುಬಸವಲ್ಲ, ತಾಲೀಮಿನ ಊಟ ನಮ್ಮದೇ

ತಂಗಿ,

ನಿನ್ನ ಪತ್ರ ಬಂದಾಗ ನಾನು ಕಲಬುರಗಿಯಲ್ಲಿದ್ದೆ, ಈಗಲೂ ಇಲ್ಲೇ ಇದ್ದೇನೆ. ಬ್ರಹ್ಮಪುರದ ತವರುಮನೆಯಲ್ಲಿ ಅಣ್ಣನ ಮಗಳ ಲಗ್ನ. ಅಂಗಳದಲ್ಲಿ ಹಂದರ ಹಾಕಿದ್ದಾರೆ, ಮೇ ತಿಂಗಳ ಬಿಸಿಲಿಗೆ ಮಾವಿನ ತೋರಣ ಮುಂಜಾನೆ ಕಟ್ಟಿದ್ದು ಮಧ್ಯಾಹ್ನಕ್ಕೆ ಬಾಡಿದೆ. ಒಳಗೆ ಐದಾರು ಮಂದಿ ಹೆಣ್ಣುಮಕ್ಕಳು ಶೇಂಗಾ ಹೋಳಿಗೆ ಲಟ್ಟಿಸುತ್ತ ಕೂತಿದ್ದಾರೆ. ಅವರ ಮಾತು ಕೇಳುತ್ತಲೇ ಇದನ್ನು ಬರೆಯುತ್ತಿದ್ದೇನೆ. ನೀನು ಕೇಳಿದ್ದಕ್ಕೂ ಇಲ್ಲಿ ನಡೆದಿರುವುದಕ್ಕೂ ಸಂಬಂಧ ಇದೆ.

ನೀನು ಬರೆದದ್ದು ಇಷ್ಟು. ಒಹಾಯೋಕ್ಕೆ ಬಂದು ನಾಲ್ಕು ತಿಂಗಳಾಯಿತು. ನಿನ್ನ ತಮ್ಮನ ಲಗ್ನ ಅಕ್ಟೋಬರದಲ್ಲಿ, ಕೊಲಂಬಸ್ ಊರಿನಲ್ಲಿ, ಹುಡುಗಿ ಅಲ್ಲಿಯವಳೇ. ಹುಡುಗಿಯ ಗೆಳತಿ ಫೋನ್ ಮಾಡಿ ಬ್ರೈಡಲ್ ಶವರ್‌ಗೆ ನಿಮ್ಮ ಕಡೆಯ ಹೆಣ್ಣುಮಕ್ಕಳ ಹೆಸರು ಕೊಡು ಅಂದಳು. ಹುಡುಗಿಯ ತಾಯಿ, ರಿಹರ್ಸಲ್ ಡಿನ್ನರ್‌ಗೆ ನಿಮ್ಮ ಮನೆಯವರ ವಿಚಾರ ಏನು ಅಂತ ಕೇಳಿದರು. ಎರಡಕ್ಕೂ ನಿನಗೆ ಉತ್ತರ ಹೊಳೆಯಲಿಲ್ಲ. ಅವ್ವಗೆ ಫೋನಿನಲ್ಲಿ ಹೇಳಿದರೆ ಆಕೆ ಸಿಟ್ಟಾಗಿ ಫೋನ್ ಇಟ್ಟರು. ಖರ್ಚು ಯಾರದು, ಯಾರನ್ನು ಕರೆಯಬೇಕು, ಅವ್ವಗೆ ಹೇಗೆ ತಿಳಿಸಲಿ, ಕಾಕು, ನೀವು ಇಪ್ಪತ್ತೆರಡು ವರ್ಷದಿಂದ ಅಮೆರಿಕದಲ್ಲಿದ್ದೀರಿ, ಮಗನ ಲಗ್ನ ಮಾಡಿದ್ದೀರಿ, ಹೇಳಿರಿ ಅಂತ ಕೇಳಿದ್ದಿ.

ಮೊದಲು ಅವ್ವನ ಸಿಟ್ಟಿನ ಮಾತು. ನಿನ್ನೆ ಸೂಪರ್ ಮಾರ್ಕೆಟ್ಟಿಗೆ ಹೋದವಳು ಹಾಗೆಯೇ ಶಹಾಬಜಾರಿಗೆ ಹೋಗಿ ನಿಮ್ಮ ಅವ್ವನ ಕಡೆ ಒಂದು ತಾಸು ಕೂತು ಬಂದೆ. ಆಕೆಗೆ ನಿನ್ನ ಮೇಲೆ ಸಿಟ್ಟಿಲ್ಲ, ಎದೆಯಲ್ಲಿ ದಿಗಿಲು ಹೊಕ್ಕಿತ್ತು. ಚಹಾ ಕೊಟ್ಟು ಬಾಗಿಲು ಮುಂದೆ ಮಾಡಿ ಮೆಲ್ಲಗೆ ಕೇಳಿದರು: "ಅಕ್ಕಾವ್ರ, ಲಗ್ನಕ್ಕಿಂತ ಮೊದ್ಲೇ ಕುಬಸ ಅಂದ್ರ ಏನ್ರೀ? ಹುಡುಗಿಗಿ ಈಗೇ ದಿನ ತುಂಬ್ಲಾಕತ್ತಾವೇನು? ನಂಗ ಮೂರು ದಿನದಿಂದ ನಿದ್ದಿಲ್ಲ."

ನೀನು 'ಶವರ್' ಅಂದಿದ್ದಿ, ಆಕೆ 'ಬೇಬಿ ಶವರ್' ಅಂತ ತಿಳಿದುಕೊಂಡರು. ತಪ್ಪು ಆಕೆಯದೂ ಅಲ್ಲ. ಈಗ ಕಲಬುರಗಿಯಲ್ಲೇ ಕುಬಸದ ಕಾರ್ಡಿನ ಮೇಲೆ ಬೇಬಿ ಶವರ್ ಅಂತ ಅಚ್ಚು ಹಾಕಿಸುತ್ತಾರೆ. ಆಕೆ ಕೇಳಿದ ಶವರ್ ಅದೊಂದೇ. ನಾನು ಬಿಡಿಸಿ ಹೇಳಿದೆ. ಅಲ್ಲಿ ಶವರ್ ಎರಡು, ಒಂದು ಮದುಮಗಳಿಗೆ, ಇನ್ನೊಂದು ಬಸುರಿಗೆ. ಹುಡುಗಿ ಹೊಸ ಸಂಸಾರ ಹೂಡುತ್ತಾಳೆ, ಅವಳ ಮನೆಗೆ ಬೇಕಾದ ಪಾತ್ರೆ ಪಡಗ, ಹಾಸಿಗೆ ಹೊದಿಕೆ ಗೆಳತಿಯರು ಸೇರಿ ಕೊಡುವ ದಿನ ಅದು. "ಉಡಿ ತುಂಬೋದು ಅಂತ ತಿಳ್ಕೋರಿ, ಅಕ್ಕಿ ಕೊಬ್ರಿ ಬದ್ಲಿ ಭಾಂಡಿ ತುಂಬತಾರ" ಅಂದೆ. ಆಕೆ ಒಂದು ನಿಟ್ಟುಸಿರು ಬಿಟ್ಟು, "ಮೊದ್ಲೇ ಹಿಂಗ ಹೇಳಿದ್ರ ಆಗ್ತಿತ್ತಲ್ಲ" ಅಂದರು. ಇವತ್ತೇ ಫೋನ್ ಮಾಡು, ಇನ್ನು ಎತ್ತುತ್ತಾರೆ.

ಈಗ ಶವರ್. ಹಳೆಯ ರೂಢಿಯ ಪ್ರಕಾರ ಇದನ್ನು ಮಾಡುವವರು ಹುಡುಗಿಯ ಗೆಳತಿಯರು. ಲಗ್ನದಲ್ಲಿ ಅವಳ ಪಕ್ಕ ನಿಲ್ಲುವ ಮುಖ್ಯ ಗೆಳತಿಗೆ ಮೇಡ್ ಆಫ್ ಆನರ್ ಅನ್ನುತ್ತಾರೆ, ಉಳಿದವರು ಬ್ರೈಡ್ಸ್‌ಮೇಡ್‌ಗಳು. ತಾಯಿ, ಒಡಹುಟ್ಟಿದವರು ಮಾಡಿದರೆ ನಮ್ಮ ಹುಡುಗಿಗೆ ಸಾಮಾನು ಕೊಡಿರಿ ಅಂತ ಮನೆಯವರೇ ಕೇಳಿದ ಹಾಗೆ ಕಾಣುತ್ತದೆ ಅಂತ ಒಂದು ಕಾಲಕ್ಕೆ ಅದನ್ನು ಒಪ್ಪುತ್ತಿರಲಿಲ್ಲ. ಈಗ ತಾಯಿ, ಅತ್ತಿಗೆ, ನಾದಿನಿ ಎಲ್ಲರೂ ಮಾಡುತ್ತಾರೆ. ಲಗ್ನಕ್ಕೆ ಎರಡು ಮೂರು ತಿಂಗಳಿಂದ ಹಿಡಿದು ಕೆಲವು ವಾರ ಮೊದಲಿನವರೆಗೆ ಯಾವಾಗಲಾದರೂ ಆಗಬಹುದು. ನಿಮ್ಮದು ಆಗಸ್ಟ್ ಕೊನೆಗೆ ಅಂದಿದ್ದಿ, ಸರಿಯಾಗಿದೆ.

ಹೆಸರು ಕೊಡುವಾಗ ಒಂದು ನಿಯಮ ಗಟ್ಟಿಯಾಗಿ ಹಿಡಿ. ಲಗ್ನಕ್ಕೆ ಕರೆಯದವರನ್ನು ಶವರ್‌ಗೆ ಕರೆಯಬಾರದು. ಕಾಣಿಕೆ ಮಾತ್ರ ಬೇಕು, ನೀವು ಬೇಡ ಅಂದಂತಾಗುತ್ತದೆ. ಕ್ಲೀವ್‌ಲ್ಯಾಂಡಿನಲ್ಲಿ ನಿನಗೆ ಗೊತ್ತಾದ ಕನ್ನಡದ ಹೆಣ್ಣುಮಕ್ಕಳನ್ನೆಲ್ಲ ಕರೆಯಬೇಕು ಅನಿಸುತ್ತದೆ, ಬೇಡ. ನಿನ್ನ ಹೆಸರು, ಅವ್ವನ ಹೆಸರು, ಷಿಕಾಗೋದಲ್ಲಿರುವ ನಿನ್ನ ಅತ್ತೆಯ ಮಗಳ ಹೆಸರು, ಇಷ್ಟು ಸಾಕು. ಅವ್ವ ಆಗ ಇಲ್ಲೇ ಇರುತ್ತಾರಲ್ಲ, ಹೆಸರು ಯಾಕೆ ಅನ್ನಬೇಡ. ವರನ ತಾಯಿಯನ್ನು ಕರೆಯುವುದು ಮರ್ಯಾದೆ, ಆ ಕರೆಯೋಲೆ ಬಂದು ಮುಟ್ಟಲಿ. ಅಲ್ಲಿ ಶನಿವಾರ ಮುಂಜಾನೆ ಹನ್ನೊಂದು ಅಂದರೆ ಇಲ್ಲಿ ರಾತ್ರಿ ಎಂಟೂವರೆ. ಆಕೆ ಊಟ ಮುಗಿಸಿ ವಿಡಿಯೋ ಕರೆಯಲ್ಲಿ ಕೂತು ಸೊಸೆಯನ್ನು ನೋಡಬಹುದು.

ಈ ಎಣಿಕೆಯ ಮಾತು ನನಗೆ ಕಲಿಸಿದ್ದು ನನ್ನದೇ ಒಂದು ತಪ್ಪು. ಹೋದ ಹೊಸದರಲ್ಲಿ ಆಫೀಸಿನ ಒಬ್ಬಳು ಶವರ್‌ಗೆ ಕರೆದಿದ್ದಳು. ನಮ್ಮ ಕಡೆ ಕರೆಯುವುದು ಹೇಗೆ ನಿನಗೆ ಗೊತ್ತು, ಮನೆ ಮಂದಿಯೆಲ್ಲ ಬರ್ರಿ ಅನ್ನುತ್ತಾರೆ, ಒಬ್ಬರೇ ಹೋದರೆ ಉಳಿದವರು ಎಲ್ಲಿ ಅಂತ ಬೈಯುತ್ತಾರೆ. ನಾನು ಅದೇ ಲೆಕ್ಕದಲ್ಲಿ ನಾದಿನಿಯನ್ನೂ ಅವಳ ಇಬ್ಬರು ಮಕ್ಕಳನ್ನೂ ಕರೆದುಕೊಂಡು ಹೋದೆ. ಹೋಗಿ ನೋಡಿದರೆ ಒಂದೊಂದು ಕುರ್ಚಿಯ ಮುಂದೆ ಒಂದೊಂದು ಹೆಸರಿನ ಚೀಟಿ. ಹನ್ನೆರಡು ಹೆಸರು, ಹನ್ನೆರಡು ತಟ್ಟೆ. ಮನೆಯಾಕೆ ಮುಖ ಕೆಡಿಸಲಿಲ್ಲ, ಓಡಾಡಿ ಮೂರು ಕುರ್ಚಿ ತಂದಿಟ್ಟಳು. ಆದರೆ ಅವಳೂ ಅವಳ ತಂಗಿಯೂ ತಮ್ಮ ತಟ್ಟೆ ಬಿಟ್ಟುಕೊಟ್ಟು ನಿಂತೇ ಇದ್ದದ್ದನ್ನು ನಾನು ನೋಡಿದೆ. ಆ ದಿನ ನನ್ನ ಗಂಟಲಲ್ಲಿ ಏನೂ ಇಳಿಯಲಿಲ್ಲ. ಅಲ್ಲಿ ಕಾರ್ಡಿನ ಮೇಲೆ ಯಾರ ಹೆಸರಿದೆಯೋ ಕರೆದದ್ದು ಅವರನ್ನು ಮಾತ್ರ. 'ಮತ್ತು ಅತಿಥಿ' ಅಂತಿದ್ದರೆ ಇನ್ನೊಬ್ಬರು. ಬರುತ್ತೇನೋ ಇಲ್ಲವೋ ಅಂತ ಹೇಳಿದ ದಿನದೊಳಗೆ ತಿಳಿಸಬೇಕು, ಆರ್‌ಎಸ್‌ವಿಪಿ ಅನ್ನುವುದು ಅದಕ್ಕೇ. ಒಬ್ಬೊಬ್ಬರ ಲೆಕ್ಕಕ್ಕೆ ಊಟಕ್ಕೆ ದುಡ್ಡು ಕಟ್ಟಿರುತ್ತಾರೆ. ಇಲ್ಲಿ ನಮ್ಮ ಅಣ್ಣ ಎಂಟು ನೂರು ಜನಕ್ಕೆ ಅಡುಗೆ ಹೇಳಿದ್ದಾನೆ, ಸಾವಿರ ಬಂದರೂ ಅನ್ನಕ್ಕೆ ಇನ್ನೊಂದು ಹಂಡೆ ಇಡುತ್ತಾನೆ. ಅಲ್ಲಿ ಹಂಡೆ ಇಲ್ಲ.

ಕಾಣಿಕೆ. ಮುಯ್ಯಿ ಅಂತ ಲಕೋಟೆಯಲ್ಲಿ ದುಡ್ಡು ಹಾಕಿ ಶವರ್‌ನಲ್ಲಿ ಕೊಡಬೇಡ. ಹುಡುಗ ಹುಡುಗಿ ತಮಗೆ ಬೇಕಾದ ಸಾಮಾನಿನ ಪಟ್ಟಿ ಅಂಗಡಿಯಲ್ಲಿ ಇಟ್ಟಿರುತ್ತಾರೆ, ಅದಕ್ಕೆ ರಿಜಿಸ್ಟ್ರಿ ಅನ್ನುತ್ತಾರೆ. ಅದರಲ್ಲಿ ನಿನ್ನ ಕೈಗೆ ಎಟುಕುವುದನ್ನು ಆರಿಸು. ನೀನು ಗಂಡನ ಕೆಲಸದ ವೀಸಾಕ್ಕೆ ಅಂಟಿದ ಎಚ್-4 ವೀಸಾದ ಮೇಲೆ ಇದ್ದಿ, ಒಬ್ಬರ ಪಗಾರದಲ್ಲಿ ಮನೆ ನಡೆದಿದೆ. ಅರವತ್ತು ಡಾಲರಿನ ಕುಕ್ಕರ್ ಕೊಡಲಾಗದಿದ್ದರೆ ಇಪ್ಪತ್ತು ಡಾಲರಿನ ಸೌಟು ಚಮಚೆ ಕೊಡು, ಯಾರೂ ಏನೂ ಅನ್ನುವುದಿಲ್ಲ. ಕೊಟ್ಟದ್ದನ್ನು ಎಲ್ಲರ ಎದುರಿಗೇ ಬಿಚ್ಚುತ್ತಾರೆ. ನಮ್ಮಲ್ಲಿ ಬಿಚ್ಚಿದರೆ ಆಸೆಬುರುಕರು ಅನ್ನುತ್ತಾರೆ, ಅಲ್ಲಿ ಬಿಚ್ಚದಿದ್ದರೆ ಕೊಟ್ಟವರಿಗೆ ಬೇಸರ. ಪಕ್ಕದಲ್ಲಿ ಒಬ್ಬಳು ಕೂತು ಯಾರು ಏನು ಕೊಟ್ಟರು ಅಂತ ಬರೆಯುತ್ತ ಹೋಗುತ್ತಾಳೆ. ಅದನ್ನು ನೋಡಿದ ಕೂಡಲೇ ನನಗೆ ನಮ್ಮ ಮನೆಯ ಮುಯ್ಯಿಯ ವಹಿ ನೆನಪಾಯಿತು. ಹಂದರದ ಮೂಲೆಯಲ್ಲಿ ಕಾಕಾ ಕೂತು ಕೆಂಪು ರಟ್ಟಿನ ವಹಿಯಲ್ಲಿ ಬರೆಯುತ್ತಿದ್ದರಲ್ಲ, ಅದೇ. ನಮ್ಮದು ನಾಳೆ ಅವರ ಮನೆಯ ಲಗ್ನದಲ್ಲಿ ತಿರುಗಿ ಕೊಡಲಿಕ್ಕೆ. ಅವರದು ಒಬ್ಬೊಬ್ಬರಿಗೂ ಕೈಯಾರೆ ನಾಲ್ಕು ಸಾಲು ಬರೆದು ಕಳಿಸಲಿಕ್ಕೆ. ನಿನಗೂ ಒಂದು ಕಾಗದ ಬರುತ್ತದೆ, ಎತ್ತಿಡು.

ಆ ಗೆಳತಿ ನಿನ್ನನ್ನು ಬ್ರೈಡ್ಸ್‌ಮೇಡ್ ಆಗು ಅಂತಲೂ ಕೇಳಬಹುದು. ಆಗುವುದಾದರೆ ಮೊದಲೇ ಖರ್ಚು ಕೇಳು. ಒಂದೇ ಬಣ್ಣದ ಉಡುಪು ತಮ್ಮ ದುಡ್ಡಿನಿಂದ ಕೊಳ್ಳಬೇಕು, ಶವರ್ ಖರ್ಚಿನಲ್ಲಿ ಪಾಲು, ಲಗ್ನಕ್ಕೆ ಮೊದಲು ಮದುಮಗಳ ಜೊತೆ ಗೆಳತಿಯರು ಪ್ರವಾಸ ಹೋಗುವ ಬ್ಯಾಚಲರೆಟ್ ಪಾರ್ಟಿ ಇದ್ದರೆ ಅದರಲ್ಲೂ ಪಾಲು. ನನಗೆ ಇಷ್ಟು ಸಾಧ್ಯ, ಇಷ್ಟು ಸಾಧ್ಯವಿಲ್ಲ ಅಂತ ಮೊದಲ ವಾರದಲ್ಲೇ ಹೇಳಿದರೆ ಅದನ್ನು ಒರಟು ಅಂತ ಯಾರೂ ತಿಳಿಯುವುದಿಲ್ಲ. ಕೊನೆಯ ವಾರದಲ್ಲಿ ಹೇಳಿದರೆ ತಿಳಿಯುತ್ತಾರೆ. ಬಿಳಿ ಬಣ್ಣ ಮಾತ್ರ ಉಡಬೇಡ, ಶವರ್‌ಗೂ ಬೇಡ, ಲಗ್ನಕ್ಕೂ ಬೇಡ. ಅದು ಮದುಮಗಳ ಬಣ್ಣ. ಅವ್ವನ ಕೆನೆಬಣ್ಣದ ರೇಷ್ಮೆ ಸೀರೆ ಕಪಾಟಿನಲ್ಲೇ ಇರಲಿ. ಆ ಹಸಿರು ಇಳಕಲ್ ತರಲಿಕ್ಕೆ ಹೇಳಿದ್ದೇನೆ.

ಶವರ್‌ನ ಒಂದು ಸಣ್ಣ ಪದ್ಧತಿಯನ್ನು ಮಾತ್ರ ಬಿಡಿಸಿ ಹೇಳುತ್ತೇನೆ. ಪೊಟ್ಟಣಗಳ ಮೇಲಿನ ರಿಬ್ಬನ್ ಗಂಟುಗಳನ್ನೆಲ್ಲ ಎತ್ತಿಟ್ಟು, ಒಂದು ಕಾಗದದ ತಟ್ಟೆಗೆ ತೂತು ಹೊಡೆದು, ಅದರೊಳಗಿಂದ ಪೋಣಿಸಿ ಒಂದು ಹೂಗುಚ್ಛ ಮಾಡುತ್ತಾರೆ. ಅದನ್ನು ಜೋಪಾನ ಮಾಡಿ, ಲಗ್ನದ ಹಿಂದಿನ ದಿನ ತಾಲೀಮಿನಲ್ಲಿ ಮದುಮಗಳು ನಿಜವಾದ ಹೂಗುಚ್ಛದ ಬದಲು ಹಿಡಿದು ನಡೆಯುತ್ತಾಳೆ. ನನ್ನ ಸೊಸೆಯ ಶವರ್‌ಗೆ ನಾನು ಕೊಟ್ಟ ಪೊಟ್ಟಣಕ್ಕೆ ರಿಬ್ಬನ್ ಇರಲಿಲ್ಲ, ಗುಳೇದಗುಡ್ಡದ ಖಣದಲ್ಲಿ ಸುತ್ತಿ ಗಂಟು ಹಾಕಿದ್ದೆ. ಗುಚ್ಛ ಕಟ್ಟುತ್ತಿದ್ದ ಹುಡುಗಿಗೆ ಏನು ಮಾಡಬೇಕು ತಿಳಿಯಲಿಲ್ಲ. ಸೊಸೆ ತಾನೇ ಆ ಖಣವನ್ನು ಮಡಿಚಿ ತಟ್ಟೆಯ ಕೆಳಗೆ ಹಿಡಿಕೆಗೆ ಸುತ್ತಿದಳು. ಎರಡು ತಿಂಗಳ ಮೇಲೆ ತಾಲೀಮಿನ ಸಂಜೆ ಸೊಸೆ ತಂದೆಯ ತೋಳು ಹಿಡಿದು ನಡೆದು ಬಂದಾಗ ಅವಳ ಕೈಯಲ್ಲಿ ನಮ್ಮ ಖಣ ಇತ್ತು. ಮರುದಿನದ ಲಗ್ನದಲ್ಲಿ ಕಣ್ಣೀರು ಬರಲಿಲ್ಲ ನನಗೆ, ಆ ಸಂಜೆ ಬಂತು.

ತಾಲೀಮು ಅಂದೆ. ನಿಮ್ಮ ಅವ್ವ ಅದಕ್ಕೂ ಹೆದರಿದ್ದರು. "ಲಗ್ನಕ್ಕ ತಾಲೀಮು ಯಾಕ್ರೀ? ದೊಡ್ಡಾಟ ಆಡ್ತಾರೇನು? ಒಂದ್ಸಲ ತಾಳಿ ಕಟ್ಟಿ ಮತ್ತ ಮರುದಿನ ಕಟ್ಟತಾರಾ?" ಅಂದರು. ತಾಳಿ, ಉಂಗುರ, ಮಂತ್ರ ಏನೂ ಆ ದಿನ ಇಲ್ಲ. ಯಾರ ಹಿಂದೆ ಯಾರು ನಡೆಯಬೇಕು, ಎಲ್ಲಿ ನಿಲ್ಲಬೇಕು, ಉಂಗುರ ಯಾರ ಕಿಸೆಯಲ್ಲಿ, ಹಾಡು ಯಾವಾಗ ನಿಲ್ಲಬೇಕು, ಇದನ್ನು ಲಗ್ನ ಮಾಡಿಸುವವರು ಒಂದು ತಾಸು ನಿಂತು ತೋರಿಸುತ್ತಾರೆ. ಶನಿವಾರದ ಲಗ್ನವಾದರೆ ಸಾಮಾನ್ಯವಾಗಿ ಶುಕ್ರವಾರ ಸಂಜೆ. ವರನ ತಂದೆ ತಾಯಿಯೂ ನಡೆದು ಬಂದು ಮುಂದಿನ ಸಾಲಿನಲ್ಲಿ ಕೂಡಬೇಕಾಗುತ್ತದೆ, ಹಾಗಾಗಿ ಅಪ್ಪ ಅವ್ವ ಇಬ್ಬರೂ ತಾಲೀಮಿಗೆ ಬೇಕೇ ಬೇಕು. ಅದು ಮುಗಿದ ಮೇಲಿನ ಊಟವೇ ರಿಹರ್ಸಲ್ ಡಿನ್ನರ್.

ಹುಡುಗಿಯ ತಾಯಿ ನಿನ್ನನ್ನು ಕೇಳಿದ್ದು ಇದಕ್ಕೇ. ರೂಢಿಯಲ್ಲಿ ಲಗ್ನದ ಖರ್ಚು ಹೆಣ್ಣಿನವರದು, ಹಿಂದಿನ ರಾತ್ರಿಯ ಊಟ ಗಂಡಿನವರದು. ಈಗ ಹುಡುಗ ಹುಡುಗಿ ತಾವೇ ದುಡಿದು ಮಾಡುವುದೂ ಬಹಳ, ಎರಡೂ ಮನೆಯವರು ಹಂಚಿಕೊಳ್ಳುವುದೂ ಇದೆ. ಆದ್ದರಿಂದ ಮೊದಲು ನಿನ್ನ ತಮ್ಮನನ್ನು ಕೇಳು, ಅವರಿಬ್ಬರು ಏನು ಮಾತಾಡಿಕೊಂಡಿದ್ದಾರೆ ಅಂತ. ಆದರೆ ನನ್ನ ಮಾತು ಕೇಳುವುದಾದರೆ, ಈ ಊಟ ಬಿಡಬೇಡಿ. "ಹೆಣ್ಣಿನವ್ರು ಲಗ್ನ ಮಾಡ್ಲಾಕತ್ತಾರ, ಊಟಾನೂ ಅವ್ರೇ ಹಾಕ್ಲಿ" ಅಂತ ನಿಮ್ಮ ಮಾವ ಅಂದರಂತೆ, ಅವ್ವ ಹೇಳಿದರು. ಹಾಗೆ ಬಿಟ್ಟರೆ ಆ ಮೂರು ದಿನದಲ್ಲಿ ನೀವು ಬರೀ ನೆಂಟರಾಗಿ ಬಂದು ನೆಂಟರಾಗಿ ಹೋಗುತ್ತೀರಿ.

ಯಾಕೆ ಹೇಳುತ್ತೇನೆ ಕೇಳು. ಲಗ್ನದ ದಿನ ಅಲ್ಲಿ ಯಾರಿಗೂ ಪುರುಸೊತ್ತಿಲ್ಲ. ಅರ್ಧ ತಾಸಿನ ಶಾಸ್ತ್ರ, ಆಮೇಲೆ ಫೋಟೋ, ಆಮೇಲೆ ಗದ್ದಲದ ಊಟ, ಕುಣಿತ. ನಮ್ಮ ಮಂದಿ ಒಂದು ಟೇಬಲ್ಲಿಗೆ, ಅವರ ಮಂದಿ ಇನ್ನೊಂದು ಟೇಬಲ್ಲಿಗೆ. ಕಲಬುರಗಿಯಲ್ಲಿ ಬೀಗರು ಬೀಗರಾಗುವುದು ತಾಳಿ ಕಟ್ಟಿದ ಗಳಿಗೆಯಲ್ಲಿ ಅಲ್ಲ. ಅರಿಶಿನ ಹಚ್ಚುವಾಗ, ಸುರಗಿ ಸುತ್ತುವಾಗ, ಬೀಗರನ್ನು ಎದುರುಗೊಂಡು ಕಾಲಿಗೆ ನೀರು ಕೊಡುವಾಗ, ಒಂದೇ ಪಂಗತಿಯಲ್ಲಿ ಕೂತು ಇನ್ನೊಂದು ಹೋಳಿಗೆ ಹಾಕಿಸಿಕೊಳ್ರಿ ಅಂತ ಕೈ ಅಡ್ಡ ಹಿಡಿದು ಜಗ್ಗಾಡುವಾಗ ಆಗುತ್ತಾರೆ. ಅಲ್ಲಿ ಇಷ್ಟೆಲ್ಲ ಕೆಲಸ ಮಾಡುವುದು ಆ ಒಂದು ರಾತ್ರಿಯ ಊಟ. ಅದರಲ್ಲಿ ಬಡಿಸುವ ಕೈ ನಿಮ್ಮದಾಗಿರಲಿ.

ಯಾರನ್ನು ಕರೆಯಬೇಕು ಅಂದರೆ, ತಾಲೀಮಿನಲ್ಲಿ ನಡೆದವರೆಲ್ಲ, ಅವರ ಗಂಡ ಹೆಂಡತಿ, ಎರಡೂ ಮನೆಯ ತಂದೆ ತಾಯಿ, ಒಡಹುಟ್ಟಿದವರು, ಅಜ್ಜ ಅಜ್ಜಿ, ಲಗ್ನ ಮಾಡಿಸುವವರು. ದೂರದ ಊರಿಂದ ಬಂದವರನ್ನೂ ಕರೆಯುವ ವಾಡಿಕೆ ಇದೆ, ಕಡ್ಡಾಯ ಅಲ್ಲ. ನಿಮ್ಮ ಮಟ್ಟಿಗೆ ಅದನ್ನು ಕಡ್ಡಾಯ ಅಂತಲೇ ತಿಳಿ. ಹೈದರಾಬಾದಿಗೆ ಹೋಗಿ ವಿಮಾನ ಹತ್ತಿ ಎರಡು ದಿನ ಪ್ರಯಾಣ ಮಾಡಿ ಬಂದ ಮಾವ, ಕಾಕಾ, ಕಾಕು ಲಗ್ನದ ಹಿಂದಿನ ರಾತ್ರಿ ಹೋಟೆಲ್ ಕೋಣೆಯಲ್ಲಿ ಕೂತು ಚೂಡಾ ತಿನ್ನಬಾರದು. ದುಡ್ಡು ಸಾಲದಿದ್ದರೆ ಜಾಗ ಸಣ್ಣದು ಮಾಡು, ಮಂದಿಯನ್ನು ಕಡಿಮೆ ಮಾಡಬೇಡ. ರೆಸ್ಟೋರೆಂಟೇ ಆಗಬೇಕು ಅಂತ ಎಲ್ಲಿಯೂ ಇಲ್ಲ. ಹಿತ್ತಲಿನಲ್ಲಿ ಮಾಡುತ್ತಾರೆ, ಊರಿನ ಉದ್ಯಾನದಲ್ಲಿ ಬಾಡಿಗೆಗೆ ಸಿಗುವ ಚಾವಣಿಯ ಕೆಳಗೆ ಮಾಡುತ್ತಾರೆ, ಪಿಜ್ಜಾ ತರಿಸಿ ಮಾಡಿದವರೂ ಇದ್ದಾರೆ. ಅಕ್ಟೋಬರದಲ್ಲಿ ಸಂಜೆ ತಂಪಾಗುತ್ತದೆ, ಅಪ್ಪನಿಗೆ ಶಾಲು ಇರಲಿ, ಅಷ್ಟೇ.

ರೆಸ್ಟೋರೆಂಟ್ ಆದರೆ ಲೆಕ್ಕ ಸರಿಯಾಗಿ ಹಾಕು. ನಾವು ಮೂವತ್ತೆಂಟು ಮಂದಿಗೆ ಒಂದು ಭಾರತೀಯ ಹೋಟೆಲಿನ ಹಿಂದಿನ ಕೋಣೆ ಹಿಡಿದಿದ್ದೆವು. ಒಬ್ಬರಿಗೆ 45 ಡಾಲರ್ ಅಂದರು. ನನ್ನ ಗಂಡ 1,710 ಡಾಲರ್ ಅಂತ ಬರೆದುಕೊಂಡರು. ಅದರ ಮೇಲೆ ಶೇಕಡಾ 20 ಸೇವಾ ಶುಲ್ಕ, ಅದು 342. ಮಾರಾಟ ತೆರಿಗೆ ಸುಮಾರು ಏಳೂವರೆ, ಅದು 128. ಕೈಬಿಟ್ಟದ್ದು 2,180. ಬೇರೆ ಕೋಣೆ ಕೊಡಲಿಕ್ಕೆ ಇಷ್ಟು ಡಾಲರಿನ ಊಟ ಆಗಲೇಬೇಕು ಅಂತ ಕನಿಷ್ಠ ಮೊತ್ತ ಇಟ್ಟಿರುತ್ತಾರೆ, ಅದನ್ನು ಕೇಳು. ಸೇವಾ ಶುಲ್ಕ ಬಿಲ್ಲಿನಲ್ಲೇ ಸೇರಿದೆಯೋ ಟಿಪ್ಸ್ ಬೇರೆ ಕೊಡಬೇಕೋ ಕೇಳು. ಕೊನೆಯ ತಲೆ ಎಣಿಕೆ ಯಾವ ದಿನದೊಳಗೆ ಕೊಡಬೇಕು ಅಂತ ಕೇಳಿ ಗೋಡೆಯ ಕ್ಯಾಲೆಂಡರಿನಲ್ಲಿ ಬರೆ. ಆ ದಿನ ದಾಟಿದ ಮೇಲೆ ಇಬ್ಬರು ಬರದಿದ್ದರೂ ದುಡ್ಡು ಇಬ್ಬರದೂ ಹೋಗುತ್ತದೆ. ಲಗ್ನದ ಕಾರ್ಡು ಆರರಿಂದ ಎಂಟು ವಾರ ಮೊದಲು ಹೋಗುತ್ತದೆ, ಈ ಊಟದ ಕರೆ ಅದರ ಬೆನ್ನಿಗೇ ಕಳಿಸು.

ಇನ್ನು ಶೇಂಗಾದ ಮಾತು. ಇದನ್ನು ಎಲ್ಲಕ್ಕಿಂತ ಒತ್ತಿ ಹೇಳುತ್ತೇನೆ. ನಿಮ್ಮ ಅವ್ವ ನಿನ್ನೆ ನನಗೆ ತೋರಿಸಿದ ಯಾದಿಯಲ್ಲಿ ಬೀಗರಿಗೆ ಅಂತ ನೂರು ಶೇಂಗಾ ಹೋಳಿಗೆ, ಎರಡು ಡಬ್ಬಿ ಶೇಂಗಾ ಹಿಂಡಿ, ಐವತ್ತು ಎಳ್ಳು ಹಚ್ಚಿದ ಕಡಕ್ ರೊಟ್ಟಿ ಇತ್ತು. ನಮಗೆ ಶೇಂಗಾ ಇಲ್ಲದ ಊಟ ಊಟವಲ್ಲ, ಎಣ್ಣೆಗಾಯಿಯ ಒಳಗೂ ಅದೇ ಪುಡಿ. ಅಲ್ಲಿ ಶೇಂಗಾ ಆಗದ ಮಂದಿ ಇದ್ದಾರೆ. ತುರಿಕೆಯಷ್ಟೇ ಅಲ್ಲ, ತುಸು ಬಾಯಿಗೆ ಹೋದರೂ ಗಂಟಲು ಊದಿ ಉಸಿರು ಕಟ್ಟಬಹುದು, ಜೀವಕ್ಕೆ ಬರಬಹುದು. ನಾನು ಊಟದ ಕರೆಯಲ್ಲಿ, ನಿಮಗೆ ಯಾವ ಪದಾರ್ಥ ಆಗುವುದಿಲ್ಲ ತಿಳಿಸಿರಿ ಅಂತ ಒಂದು ಸಾಲು ಸೇರಿಸಿದ್ದೆ. ಸೊಸೆಯ ಅಕ್ಕನ ಮಗನಿಗೆ, ಆರು ವರ್ಷದ ಕೂಸಿಗೆ, ಶೇಂಗಾ ಆಗುವುದಿಲ್ಲ ಅಂತ ಉತ್ತರ ಬಂತು. ಆ ಒಂದು ಸಾಲು ಬರೆಯದಿದ್ದರೆ ಏನಾಗುತ್ತಿತ್ತು ಅಂತ ಈಗಲೂ ನೆನೆದರೆ ಕೈ ತಣ್ಣಗಾಗುತ್ತದೆ. ಶೇಂಗಾ ಹೋಳಿಗೆ ಪೂರಾ ಬಿಟ್ಟೆ, ಕಡಲೆಬೇಳೆ ಹೂರಣದ ಹೋಳಿಗೆ ಮಾಡಿಸಿದೆ, ಬದನೆಕಾಯಿಗೆ ಕೊಬ್ಬರಿ ತುಂಬಿಸಿದೆ, ಹೋಟೆಲಿನವರಿಗೆ ಬರೆದು ಕೊಟ್ಟೆ. ಅವ್ವನ ಯಾದಿ ನಿನ್ನೆಯೇ ತಿದ್ದಿಸಿದ್ದೇನೆ. ಶೇಂಗಾ ಹಿಂಡಿ ನಿನ್ನ ಮನೆಗೆ ಬರುತ್ತದೆ, ಬೀಗರ ಊಟಕ್ಕೆ ಬರುವುದಿಲ್ಲ.

ಅಕ್ಕಿಕಾಳಿಗೆ ಅಂತ ಅವ್ವ ಊರಿನ ಅಕ್ಕಿಗೆ ಅರಿಶಿನ ಹಚ್ಚಿ ಕಟ್ಟಿಟ್ಟಿದ್ದರು. ಅದನ್ನೂ ಬಿಡಿಸಿದೆ. ಖಪ್ರಾ ಅನ್ನುವ ಕಾಳಿನ ಹುಳ ಬರುತ್ತದೆ ಅಂತ ಭಾರತದಿಂದ ಹೋಗುವವರು ಸಾಮಾನಿನಲ್ಲಿ ಅಕ್ಕಿ ಒಯ್ಯುವಂತಿಲ್ಲ, ವಿಮಾನ ನಿಲ್ದಾಣದಲ್ಲಿ ಕಸಿದುಕೊಳ್ಳುತ್ತಾರೆ. ಕೊಲಂಬಸ್‌ನಲ್ಲಿ ಕೊಂಡ ಅಕ್ಕಿಗೆ ಊರಿನ ಅರಿಶಿನ ಹಚ್ಚಿದರೆ ಅಕ್ಕಿಕಾಳೇ. ಲಗ್ನದ ಜಾಗದವರು ಅಕ್ಕಿ ಎರಚಲು ಬಿಡುತ್ತಾರೋ ಅಂತ ಮೊದಲೇ ಕೇಳು, ನೆಲ ಜಾರುತ್ತದೆ ಅಂತ ಬಹಳ ಕಡೆ ಬಿಡುವುದಿಲ್ಲ, ಆಗ ಹೂವಿನ ಎಸಳು. ತಿನ್ನುವ ಯಾವ ವಸ್ತು ತಂದರೂ ಫಾರ್ಮು ಕೊಟ್ಟರೆ ಅದರಲ್ಲಿ, ಕೇಳಿದಾಗ ಬಾಯಲ್ಲಿ, ಮುಚ್ಚಿಡದೆ ಹೇಳಲಿಕ್ಕೆ ಅಪ್ಪನಿಗೆ ತಿಳಿಸಿ ಬಂದಿದ್ದೇನೆ.

ಅರಿಶಿನ ಹಚ್ಚುವ ಶಾಸ್ತ್ರ ತಮ್ಮನ ಮನೆಯಲ್ಲಿ ಮಾಡಬೇಕು ಅಂತ ನಿನ್ನ ಆಸೆ. ಮಾಡು, ಹುಡುಗಿಯನ್ನೂ ಅವಳ ಗೆಳತಿಯರನ್ನೂ ಕರೆ, ಅವರಿಗೆ ಬಹಳ ಹಿಡಿಸುತ್ತದೆ. ಬುಧವಾರ ಮಾಡು, ಶುಕ್ರವಾರ ಬೇಡ. ಅವರ ಬಿಳಿ ಮೈಮೇಲೆ ಅರಿಶಿನ ಎರಡು ಮೂರು ದಿನ ನಿಲ್ಲುತ್ತದೆ, ಉಗುರಲ್ಲಿ ಇನ್ನೂ ಹೆಚ್ಚು, ಬಿಳಿ ಗೌನಿಗೆ ಹತ್ತಿದರೆ ಹೋಗುವುದಿಲ್ಲ. ಹಳೆಯ ಬಟ್ಟೆ ಹಾಕಿಕೊಂಡು ಬರಲಿಕ್ಕೆ ಹೇಳು.

ಕುಡಿಯುವುದರ ಬಗ್ಗೆ ನೀನು ಸಂಕೋಚದಿಂದ ಒಂದೇ ಸಾಲು ಬರೆದಿದ್ದಿ. ನಿಮ್ಮ ಮನೆಯಲ್ಲೂ ಇಲ್ಲ, ನಮ್ಮಲ್ಲೂ ಇಲ್ಲ. ಊಟ ಹಾಕುವವರು ಏನು ಕೊಡಬೇಕು ಅನ್ನುವುದು ಅವರಿಗೇ ಬಿಟ್ಟದ್ದು, ಸಾರಾಯಿ ಇಡಲೇಬೇಕು ಅಂತ ಯಾರೂ ಹಟ ಹಿಡಿಯುವುದಿಲ್ಲ. ಆದರೆ ಮೊದಲೇ ಹೇಳಬೇಕು. ನನ್ನ ಬೀಗಿತಿಗೆ ತಿಂಗಳ ಮೊದಲೇ ಫೋನ್ ಮಾಡಿ, ನಮ್ಮ ಮನೆಯ ನಡವಳಿಕೆ ಹೀಗಿದೆ, ಬೇಸರ ಮಾಡಿಕೊಳ್ಳಬೇಡಿರಿ ಅಂದೆ. ಆಕೆ ತಮ್ಮ ಕಡೆಯವರಿಗೆಲ್ಲ ತಾವೇ ಹೇಳಿದರು. ಲಿಂಬೆ ಶರಬತ್ತು, ಮಾವಿನಹಣ್ಣಿನ ಪಾನಕ ಇಟ್ಟಿದ್ದೆವು. ಗ್ಲಾಸು ಎತ್ತಿ ಮಾತಾಡುವಾಗ ಎಲ್ಲರೂ ಅದನ್ನೇ ಎತ್ತಿದರು.

ಆ ಮಾತು ಅಂದರೆ ಟೋಸ್ಟ್. ಊಟ ಹಾಕಿದವರ ಪರವಾಗಿ ವರನ ತಂದೆ ಮೊದಲು ಎದ್ದು ಎರಡೂ ಮನೆಯವರನ್ನು ಸ್ವಾಗತಿಸುತ್ತಾರೆ, ಆಮೇಲೆ ಬೇಕಾದವರು. ನಿಮ್ಮ ಅಪ್ಪನಿಗೆ ಇಂಗ್ಲಿಷು ಬರುವುದಿಲ್ಲ ಅಂತ ತಮ್ಮ ತಾನೇ ಮಾತಾಡುತ್ತೇನೆ ಅಂದನಂತೆ. ಬೇಡ ಅನ್ನು. ಅಪ್ಪ ಕನ್ನಡದಲ್ಲೇ ಮಾತಾಡಲಿ, ನೀನು ಪಕ್ಕದಲ್ಲಿ ನಿಂತು ಎರಡೆರಡು ವಾಕ್ಯಕ್ಕೆ ಇಂಗ್ಲಿಷಿನಲ್ಲಿ ಹೇಳು. ನಮ್ಮ ಮಾವನವರು, ಆಗ ಎಪ್ಪತ್ತೊಂಬತ್ತು ಅವರಿಗೆ, ಧೋತರ ಉಟ್ಟು ನಿಂತು ಒಂದು ವಚನ ಹೇಳಿ, "ನಿಮ್ಮ ಮಗಳು ನಮ್ಮ ಮನಿಗಿ ಬರ್ಲಾಕತ್ತಾಳ ಅಂತ ಅನಕೋಬ್ಯಾಡ್ರಿ, ನಮ್ಮ ಹುಡುಗ ನಿಮ್ಮ ಮನಿಗಿ ಬರ್ಲಾಕತ್ತಾನ ಅಂತ ತಿಳ್ಕೋರಿ" ಅಂದರು. ಮಗ ಅದನ್ನು ಇಂಗ್ಲಿಷಿನಲ್ಲಿ ಹೇಳುವಾಗ ಅವನಿಗೇ ಗಂಟಲು ಕಟ್ಟಿತು. ಸೊಸೆಯ ತಂದೆ ಜೋಳ ಬೆಳೆಯುವ ರೈತ, ಅವರ ಜೋಳ ಅಂದರೆ ನಮ್ಮ ಗೋವಿನಜೋಳ, ಹೆಚ್ಚು ಮಾತಿನ ಮನುಷ್ಯನಲ್ಲ. ಎದ್ದು ಬಂದು ಮಾವನವರ ಎರಡೂ ಕೈ ಹಿಡಿದುಕೊಂಡು ಸುಮ್ಮನೆ ನಿಂತ. ಆಮೇಲೆ ಇಬ್ಬರೂ ಒಂದೇ ಟೇಬಲ್ಲಿಗೆ ಕೂತರು. ಮಳೆಯ ಮಾತು, ಭೂಮಿಯ ಮಾತು, ನಮ್ಮ ಕರಿ ಭೂಮಿಯ ತೊಗರಿ, ಅವರ ಊರಿನ ಸೋಯಾ, ನಡುವೆ ನನ್ನ ಗಂಡ ಇಬ್ಬರ ಮಾತನ್ನೂ ಅತ್ತಿತ್ತ ದಾಟಿಸುತ್ತ ಊಟ ಮಾಡುವುದನ್ನೇ ಮರೆತರು.

ಆ ಊಟದಲ್ಲಿ ಹುಡುಗ ಹುಡುಗಿ ತಮ್ಮ ಪಕ್ಕ ನಿಲ್ಲುವ ಗೆಳೆಯ ಗೆಳತಿಯರಿಗೆ ಒಂದೊಂದು ಸಣ್ಣ ಕಾಣಿಕೆ ಕೊಡುವುದು ರೂಢಿ. ತಮ್ಮನಿಗೆ ಬೀದರಿನ ಬಿದ್ರಿ ಡಬ್ಬಿಗಳನ್ನು ಕೊಡಲು ಹೇಳು. ಸತುವು ತಾಮ್ರದ ಎರಕ, ಬೆಳ್ಳಿಯ ತಂತಿ ಕೂರಿಸಿ, ಬೀದರ ಕೋಟೆಯ ಮಣ್ಣಿನಿಂದ ಕಪ್ಪು ಮಾಡುತ್ತಾರೆ ಅಂತ ಒಂದು ಚೀಟಿ ಒಳಗಿಟ್ಟರೆ ಆ ಮಂದಿ ಜೀವಮಾನ ಕಾಯ್ದುಕೊಳ್ಳುತ್ತಾರೆ. ತೂಕ ಜಾಸ್ತಿ, ಅಂಗೈಯಗಲದ್ದೇ ಸಾಕು, ಅಪ್ಪ ಅವ್ವ ಇಬ್ಬರ ಪೆಟ್ಟಿಗೆಯಲ್ಲಿ ಹಂಚಿ ಇಡಿ. ಅವರ ಟಿಕೆಟ್ ಲಗ್ನಕ್ಕೆ ಹತ್ತು ದಿನ ಮೊದಲಿನದು ತೆಗೆ. ಗಡಿಯಾರ ಒಂಬತ್ತೂವರೆ ತಾಸು ಹಿಂದೆ ಹೋಗುತ್ತದೆ, ಮೊದಲ ನಾಲ್ಕು ದಿನ ಸಂಜೆ ಆರಕ್ಕೇ ಕಣ್ಣು ಮುಚ್ಚುತ್ತವೆ, ತಾಲೀಮಿನ ಊಟ ಸಂಜೆಯದೇ. ಲಗ್ನಕ್ಕೆ ಮೊದಲು ಸರಕಾರದಿಂದ ತೆಗೆದುಕೊಳ್ಳಬೇಕಾದ ಪರವಾನಗಿ, ಮ್ಯಾರೇಜ್ ಲೈಸೆನ್ಸ್, ಒಹಾಯೋದಲ್ಲಿ 60 ದಿನ ಮಾತ್ರ ನಡೆಯುತ್ತದೆ, ಆಗಸ್ಟಿನಲ್ಲೇ ತೆಗೆದಿಡಬೇಡಿರಿ ಅಂತ ತಮ್ಮನಿಗೆ ನೆನಪಿಸು.

ಹುಡುಗಿಯ ತಾಯಿಗೆ ಇವತ್ತೇ ಉತ್ತರ ಕೊಡು: ಶುಕ್ರವಾರದ ಊಟ ನಮ್ಮದು, ಎಷ್ಟು ಮಂದಿ, ಯಾರಿಗೆ ಏನು ಆಗುವುದಿಲ್ಲ ಅಂತ ತಿಳಿಸಿರಿ, ಜಾಗ ನಾವಿಬ್ಬರೂ ಕೂಡಿ ನೋಡೋಣ. ಆಕೆ ಇಷ್ಟು ದಿನ ಕಾದಿದ್ದಾರೆ. ಜಾಗ ನೋಡಲಿಕ್ಕೆ ನಾನು ಬರುತ್ತೇನೆ. ಕ್ಲೀವ್‌ಲ್ಯಾಂಡಿನಿಂದ ಕೊಲಂಬಸ್ಸಿಗೆ ಇಲ್ಲಿಂದ ಹೈದರಾಬಾದಿಗೆ ಇದ್ದಷ್ಟೇ ದೂರ, ಮುಂಜಾನೆ ಬಂದರೆ ಸಂಜೆಗೆ ಮನೆ ಸೇರುತ್ತಿ.

ನಿನ್ನೆ ಹೊರಡುವಾಗ ನಿಮ್ಮ ಅವ್ವ ತಡಿರಿ ಅಂತ ಒಳಗೆ ಹೋಗಿ ಪೆಟ್ಟಿಗೆ ತೆಗೆದರು. ತಮ್ಮ ಲಗ್ನದಲ್ಲಿ ಆಯೇರಿ ಬಂದ ಖಣ ಒಂದು ಹೊಲಿಸದೆ ಹಾಗೆಯೇ ಇಟ್ಟಿದ್ದರಂತೆ, ಕಡುಗೆಂಪು, ಹಸಿರು ದಂಡೆಯದು. ಶವರ್ ದಿನ ಹುಡುಗಿಗೆ ಕೊಡುವುದನ್ನು ಇದರಲ್ಲಿ ಸುತ್ತಲಿಕ್ಕೆ ಹೇಳ್ರಿ ಅಂತ ನನ್ನ ಕೈಗೆ ಕೊಟ್ಟರು. ಗುರುವಾರ ನಾನು ಹೊರಡುತ್ತೇನೆ. ಖಣ ನನ್ನ ಕೈಚೀಲದಲ್ಲಿದೆ, ಬಂದ ಮರುದಿನ ನಿನಗೆ ಅಂಚೆಗೆ ಹಾಕುತ್ತೇನೆ. ಅಷ್ಟರೊಳಗೆ ಅಳತೆಗೆ ಹೊಂದುವ ಒಂದು ಪೆಟ್ಟಿಗೆ ಹುಡುಕಿಡು.